ಬ್ರಾ ಸೈಜ್ ಅಳೆಯೋದು ಹೇಗೆ? ಟೇಪು ಹಿಡಿಯೋದ್ರಿಂದ ಅಂಗಡಿ ಕೌಂಟರ್‌ವರೆಗೆ ಗೊತ್ತಿರಬೇಕಾದ ಲೆಕ್ಕ

ತಾಲೂಕಿನ ಯಾವ ಬ್ಯಾಂಗಲ್ ಸ್ಟೋರಿಗೆ ಹೋಗಿ ನಿಂತರೂ ಈ ದೃಶ್ಯ ಕಾಣುತ್ತೆ. ಬಳೆ, ಕ್ಲಿಪ್ಪು, ಸ್ಟಿಕ್ಕರ್ ಎಲ್ಲ ತಗೊಂಡಾದ ಮೇಲೆ ಪಕ್ಕದ ಗಿರಾಕಿ ಹೋಗೋವರೆಗೂ ಕಾದು, ದನಿ ತಗ್ಗಿಸಿ "ಮೂವತ್ತಾರು ಒಂದು ಕೊಡಿ" ಅನ್ನೋದು. ಅಂಗಡಿಯವರು ಡಬ್ಬಿಯಿಂದ ಒಂದು ತೆಗೆದು ಪೇಪರಲ್ಲಿ ಸುತ್ತಿ ಕೊಡ್ತಾರೆ. ಬಿಚ್ಚಿ ನೋಡೋದಿಲ್ಲ, ಹಾಕಿ ನೋಡೋ ಮಾತಂತೂ ಇಲ್ಲವೇ ಇಲ್ಲ. ಮನೆಗೆ ಹೋಗಿ ಹಾಕಿದ್ರೆ ಒಂದೋ ಬಿಗಿ, ಇಲ್ಲಾ ಸಡಿಲ. ವಾಪಸ್ ಕೊಡೋಕೆ ನಾಚಿಕೆ. ಕೊಟ್ಟ ದುಡ್ಡು ಹೋಯ್ತಲ್ಲ ಅಂತ ಅದನ್ನೇ ಒಂದು ವರ್ಷ ಹಾಕೋದು. ಕಾಲು ಕೆಜಿ ಬೀನ್ಸನ್ನೂ ಮುರಿದು ನೋಡಿ ತಗೊಳ್ಳೋ ನಾವು ಇದೊಂದನ್ನ ಮಾತ್ರ ಕಣ್ಣು ಮುಚ್ಕೊಂಡು ತರ್ತೀವಿ.

ಡಿಗ್ರಿ ಅರ್ಧಕ್ಕೆ ಬಿಟ್ಟ ಮೇಲೆ ಎಂಟು ತಿಂಗಳು ನಾನೂ ಒಂದು ಬಟ್ಟೆ ಅಂಗಡಿಯ ಲೇಡೀಸ್ ಕೌಂಟರಲ್ಲಿ ನಿಂತಿದ್ದೆ. ಸೈಜ್ ಗೊತ್ತಿದ್ದು ಬರ್ತಿದ್ದೋರು ಕಮ್ಮಿ. ಗೊತ್ತಿದೆ ಅಂತ ಹೇಳ್ತಿದ್ದೋರದ್ದೂ ಬಹಳ ಸಲ ಬ್ರಾ ಸೈಜ್ ಆಗಿರ್ತಿರಲಿಲ್ಲ, ಬ್ಲೌಸ್ ಸೈಜ್ ಆಗಿರ್ತಿತ್ತು. ಈ ಬರಹ ಅಲ್ಲಿಂದಲೇ ಶುರು ಮಾಡೋಣ.

ಬ್ಲೌಸ್ ಅಳತೆ ಬೇರೆ, ಬ್ರಾ ಅಳತೆ ಬೇರೆ

ಟೇಲರ್ ನಿಮ್ಮ ಬ್ಲೌಸಿಗೆ 36 ಅಂತ ಬರ್ಕೊಂಡಿದ್ರೆ ಅದು ಎದೆಯ ಉಬ್ಬಿದ ಭಾಗದ ಮೇಲೆ ಟೇಪು ಹಾಕಿ ತೆಗೆದ ಸುತ್ತಳತೆ. ಬ್ರಾ ಮೇಲೆ ಬರೆದಿರೋ 36 ಹಾಗಲ್ಲ. ಅದು ಎದೆಯ ಕೆಳಗೆ, ಪಕ್ಕೆಲುಬಿನ ಸುತ್ತ ಕೂರೋ ಪಟ್ಟಿಯ ಸೈಜು. ಅದರ ಪಕ್ಕದಲ್ಲಿರೋ ಇಂಗ್ಲಿಷ್ ಅಕ್ಷರ (ಎ, ಬಿ, ಸಿ, ಡಿ) ಕಪ್ಪಿನದ್ದು. ಅಂದ್ರೆ ಬ್ರಾಗೆ ಎರಡು ಅಳತೆ ಬೇಕು. ನಾವು ಅಂಗಡಿಯಲ್ಲಿ ಹೇಳೋದು ಒಂದೇ.

ಕೆಲವು ಕಡಿಮೆ ಬೆಲೆಯ ಮಾಲಿನಲ್ಲಿ ಅಕ್ಷರವೇ ಇರಲ್ಲ, ಬರೀ ನಂಬರ್ ಇರುತ್ತೆ. ಅಂಥದ್ದನ್ನ ಸಾಮಾನ್ಯವಾಗಿ ಬಿ ಕಪ್ ಅಂತ ಲೆಕ್ಕ ಹಿಡೀಬಹುದು. ಇನ್ನು ಕೆಲವು ಡಬ್ಬಿ ಮೇಲೆ 80, 85, 90, 95 ಅಂತ ಇರುತ್ತೆ. ಗಾಬರಿ ಬೇಡ, ಅದು ಸೆಂಟಿಮೀಟರ್. ನಮ್ಮ ದೇಶದ ಮಾಲಿನಲ್ಲಿ 80 ಅಂದ್ರೆ 32, 85 ಅಂದ್ರೆ 34, 90 ಅಂದ್ರೆ 36, 95 ಅಂದ್ರೆ 38, 100 ಅಂದ್ರೆ 40. ಆನ್‌ಲೈನಲ್ಲಿ ಯೂರೋಪಿನ ಸೈಜು ಹಾಕಿರೋ ಮಾಲು ತಗೊಂಡ್ರೆ ಈ ಲೆಕ್ಕ ನಡೆಯಲ್ಲ. ಅಲ್ಲಿ 75 ಅಂದ್ರೇ 34. ಆ ಕಂಪನಿಯ ಚಾರ್ಟ್ ನೋಡದೆ ಆರ್ಡರ್ ಹಾಕಬೇಡಿ.

ಟೇಪು ಹಿಡಿಯೋದು

ಬೇಕಾಗೋದು ಟೇಲರ್ ಟೇಪು, ಕನ್ನಡಿ, ಬಾಗಿಲು ಹಾಕಿರೋ ಕೋಣೆ, ಹತ್ತು ನಿಮಿಷ. ಮನೆಯಲ್ಲಿರೋ ಟೇಪು ತುಂಬಾ ಹಳೇದಾಗಿದ್ರೆ ಮೊದಲು ಅದನ್ನ ಸ್ಕೂಲ್ ಸ್ಕೇಲಿನ ಪಕ್ಕ ಇಟ್ಟು ನೋಡಿ. ಎಳೆದು ಎಳೆದು ಟೇಪೇ ಉದ್ದ ಆಗಿರುತ್ತೆ. ಟೇಪೇ ಇಲ್ಲ ಅಂದ್ರೆ ಹಿಗ್ಗದೇ ಇರೋ ದಾರ ಸಾಕು. ದಾರದಲ್ಲಿ ಸುತ್ತಿ, ಬೆರಳಲ್ಲಿ ಹಿಡಿದು, ಸ್ಕೇಲ್ ಮೇಲೆ ಇಟ್ಟು ಅಳೀರಿ. 2.54 ಸೆಂಟಿಮೀಟರ್ ಅಂದ್ರೆ 1 ಇಂಚು.

ಪ್ಯಾಡ್ ಇಲ್ಲದ, ತೆಳು ಬಟ್ಟೆಯ ಬ್ರಾ ಹಾಕ್ಕೊಂಡು ಅಥವಾ ಏನೂ ಹಾಕದೆ ಅಳತೆ ತಗೊಳ್ಳಬೇಕು. ಪ್ಯಾಡ್ ಇರೋದನ್ನ ಹಾಕ್ಕೊಂಡು ಅಳೆದ್ರೆ ಫೋಮನ್ನ ಅಳೆದ ಹಾಗಾಗುತ್ತೆ.

ಮೊದಲ ಅಳತೆ ಎದೆಯ ಕೆಳಗೆ. ಸ್ತನ ಮುಗಿದು ಪಕ್ಕೆಲುಬು ಶುರುವಾಗೋ ಜಾಗದಲ್ಲಿ ಟೇಪು ಸುತ್ತಿ. ಬೆನ್ನಲ್ಲಿ ಟೇಪು ಕೆಳಗೆ ಜಾರಿದೆಯಾ, ಮೇಲೆ ಹೋಗಿದೆಯಾ ಅಂತ ಕನ್ನಡಿಯಲ್ಲಿ ನೋಡಿ, ಸುತ್ತಲೂ ಒಂದೇ ಸಮ ಇರಬೇಕು. ಉಸಿರು ಪೂರ್ತಿ ಬಿಟ್ಟು, ಟೇಪನ್ನ ಮೈಗೆ ಬಿಗಿಯಾಗಿ ಹಿಡಿದು ಓದಿ. ನೋಯೋಷ್ಟು ಬೇಡ, ಆದ್ರೆ ಜಾರಬಾರದು. ಹೆಚ್ಚಿನವರು ತಪ್ಪೋದು ಇಲ್ಲೇ. ಟೇಲರ್ ಹತ್ರ ಅಳತೆ ಕೊಡುವಾಗ "ಸ್ವಲ್ಪ ಲೂಸ್ ಇರ್ಲಿ" ಅಂತ ಹೇಳಿ ಹೇಳಿ ಅಭ್ಯಾಸ ಆಗಿರುತ್ತೆ ನೋಡಿ, ಇಲ್ಲೂ ಎರಡು ಬೆರಳು ತೂರಿಸಿ ಅಳೀತಾರೆ. ಬ್ರಾದ ಪಟ್ಟಿಗೆ ಎಲಾಸ್ಟಿಕ್ ಇರುತ್ತೆ, ಹಿಗ್ಗೋ ಕೆಲಸ ಅದರದ್ದು.

ಎರಡನೇ ಅಳತೆ ಎದೆಯ ಅತಿ ಉಬ್ಬಿದ ಭಾಗದ ಮೇಲೆ. ಇಲ್ಲಿ ಟೇಪು ಸಡಿಲವಾಗಿ ಮುಟ್ಟಿದ ಹಾಗೆ ಇರಬೇಕು, ಒತ್ತಬಾರದು. ಮಕ್ಕಳಾದ ಮೇಲೆ ಅಥವಾ ವಯಸ್ಸಾದ ಮೇಲೆ ಎದೆ ಜೋತುಬಿದ್ದಿದ್ರೆ ನೆಟ್ಟಗೆ ನಿಂತು ತಗೊಂಡ ಅಳತೆ ಕಮ್ಮಿ ಬರುತ್ತೆ. ಅಂಥವರು ಸೊಂಟದಿಂದ ಮುಂದಕ್ಕೆ ಬಾಗಿ ಇನ್ನೊಂದು ಸಲ ಅಳೆದು, ಎರಡರ ಮಧ್ಯದ ಅಂಕಿ ಹಿಡಿದ್ರೆ ಸರಿಹೋಗುತ್ತೆ. ಒಬ್ಬರೇ ಅಳೆಯೋಕೆ ಕಷ್ಟ ಅನ್ನಿಸಿದ್ರೆ ಅಕ್ಕನೋ ತಂಗಿಯೋ ಒಬ್ಬರನ್ನ ಕರ್ಕೊಳ್ಳಿ. ಕೈ ಮೇಲೆತ್ತಿ ಟೇಪು ಹಿಡಿದ್ರೆ ಅಳತೆ ಬದಲಾಗುತ್ತೆ.

ಎರಡೂ ಸ್ತನ ಒಂದೇ ಗಾತ್ರ ಇರಬೇಕು ಅಂತ ಇಲ್ಲ. ಸ್ವಲ್ಪ ವ್ಯತ್ಯಾಸ ಇರೋದು ಸಾಮಾನ್ಯ. ದೊಡ್ಡದು ಯಾವುದೋ ಅದಕ್ಕೆ ಕಪ್ ಹೊಂದಿಸಿ, ಇನ್ನೊಂದು ಕಡೆಯ ಸ್ಟ್ರಾಪ್ ಸ್ವಲ್ಪ ಬಿಗಿ ಮಾಡ್ಕೊಂಡ್ರೆ ಆಯ್ತು. ಆದ್ರೆ ಇದ್ದಕ್ಕಿದ್ದ ಹಾಗೆ ಒಂದು ಕಡೆ ಬದಲಾದ್ರೆ ಅದು ಬೇರೆ ಮಾತು, ಕೆಳಗೆ ಹೇಳ್ತೀನಿ.

4 ಕೂಡಿಸಬೇಕಾ, ಬೇಡವಾ?

ಇಡೀ ಗೊಂದಲದ ಬೇರು ಇದು. ಸ್ವಲ್ಪ ನಿಧಾನ ಓದಿ.

ಕಪ್ ಲೆಕ್ಕ ಸುಲಭ. ಎದೆ ಸುತ್ತಳತೆಯಲ್ಲಿ ಪಟ್ಟಿಯ ಸೈಜ್ ಕಳೀಬೇಕು. 1 ಇಂಚು ವ್ಯತ್ಯಾಸ ಬಂದ್ರೆ ಎ, 2 ಬಂದ್ರೆ ಬಿ, 3 ಬಂದ್ರೆ ಸಿ, 4 ಬಂದ್ರೆ ಡಿ, 5 ಬಂದ್ರೆ ಡಬಲ್ ಡಿ. ಕಷ್ಟ ಇರೋದು ಪಟ್ಟಿಯ ಸೈಜ್ ಯಾವುದು ಅನ್ನೋದ್ರಲ್ಲಿ. ಹಳೇ ಪದ್ಧತಿಯಲ್ಲಿ ಎದೆ ಕೆಳಗಿನ ಅಳತೆ ಸಮಸಂಖ್ಯೆ ಬಂದ್ರೆ 4, ಬೆಸಸಂಖ್ಯೆ ಬಂದ್ರೆ 5 ಕೂಡಿಸ್ತಾರೆ. ಹೊಸ ಪದ್ಧತಿಯಲ್ಲಿ ಏನೂ ಕೂಡಿಸಲ್ಲ, ಬೆಸ ಬಂದ್ರೆ ಮುಂದಿನ ಸಮಸಂಖ್ಯೆಗೆ ಹೋಗ್ತಾರೆ ಅಷ್ಟೇ. ಬಟ್ಟೆ ಅಷ್ಟಾಗಿ ಹಿಗ್ಗದೇ ಇದ್ದ ಕಾಲದ ಲೆಕ್ಕ ಆ 4 ಇಂಚು ಅಂತಾರೆ. ಈಗ ಪಟ್ಟಿ ಹಿಗ್ಗುತ್ತೆ, ಆದ್ರೆ ಬಹಳಷ್ಟು ಚಾರ್ಟಿನಲ್ಲಿ ಹಳೇ ಲೆಕ್ಕ ಹಾಗೇ ಉಳ್ಕೊಂಡಿದೆ.

ಒಂದು ಉದಾಹರಣೆ. ಎದೆ ಕೆಳಗೆ 30, ಎದೆ ಮೇಲೆ 35 ಇರೋ ಹುಡುಗಿ. ಹಳೇ ಲೆಕ್ಕದಲ್ಲಿ ಪಟ್ಟಿ 34, ವ್ಯತ್ಯಾಸ 1, ಹಾಗಾಗಿ 34ಎ. ಹೊಸ ಲೆಕ್ಕದಲ್ಲಿ ಪಟ್ಟಿ 30, ವ್ಯತ್ಯಾಸ 5, ಹಾಗಾಗಿ 30 ಡಬಲ್ ಡಿ. ಅದೇ ಮೈ, ಅದೇ ಟೇಪು, ಎರಡು ಸೈಜಿಗೂ ಸಂಬಂಧವೇ ಇಲ್ಲದ ಹಾಗಿದೆ ಅಲ್ವಾ? ಆನ್‌ಲೈನಲ್ಲಿ ಒಂದು ಆ್ಯಪಲ್ಲಿ ಒಂದು ಸೈಜು, ಇನ್ನೊಂದರಲ್ಲಿ ಇನ್ನೊಂದು ತೋರಿಸೋದು ಇದಕ್ಕೇ.

ಹಾಗಾದ್ರೆ ಯಾವುದನ್ನ ನಂಬೋದು? ನೀವು ತಗೊಳ್ತಿರೋ ಕಂಪನಿಯ ಚಾರ್ಟನ್ನ. ಡಬ್ಬಿಯ ಹಿಂದೆ ಅಥವಾ ಬದಿಯಲ್ಲಿ "ಅಂಡರ್ ಬಸ್ಟ್" ಅಂತ ಒಂದು ಸಾಲು ಇರುತ್ತೆ, ಅದು ಎದೆ ಕೆಳಗಿನ ಅಳತೆ. ನಿಮ್ಮ 30 ಯಾವ ನಂಬರಿನ ಎದುರು ಬಿದ್ದಿದೆ ನೋಡಿ. ಕಂಪನಿಯವರು ಕೂಡಿಸಿದ್ದಾರೋ ಇಲ್ವೋ ಅಲ್ಲೇ ಗೊತ್ತಾಗಿಬಿಡುತ್ತೆ. ನೀವು ಮನೆಯಲ್ಲಿ ಕೂಡಿಸಿಕೊಂಡು ಹೋಗಿ, ಅವರೂ ಕೂಡಿಸಿಟ್ಟಿದ್ರೆ ಸೈಜು 38ಕ್ಕೆ ಹೋಗಿ ನಿಲ್ಲುತ್ತೆ. ಹಾಗಾಗಿ ಅಂಗಡಿಗೆ ಹೋಗುವಾಗ ಲೆಕ್ಕ ಹಾಕಿದ ಸೈಜ್ ತಗೊಂಡು ಹೋಗಬೇಡಿ. ಎರಡು ಅಳತೆಯನ್ನೇ ಚೀಟಿಯಲ್ಲಿ ಬರ್ಕೊಂಡು ಹೋಗಿ.

ಚಾರ್ಟೇ ಇಲ್ಲದ ಮಾಲಾದ್ರೆ ಬ್ರಾವನ್ನೇ ಅಳೆಯೋ ಒಂದು ಉಪಾಯ ಇದೆ. ಕೌಂಟರ್ ಮೇಲೆ ಬಿಡಿಸಿಟ್ಟು, ಪಟ್ಟಿಯನ್ನ ಎರಡೂ ತುದಿಯಲ್ಲಿ ಹಿಡಿದು ಚೆನ್ನಾಗಿ ಎಳೀರಿ. ಎಳೆದಾಗ ಬರೋ ಉದ್ದ ನಿಮ್ಮ ಎದೆ ಕೆಳಗಿನ ಅಳತೆಗಿಂತ ಒಂದೆರಡು ಇಂಚು ಜಾಸ್ತಿ ಇದ್ರೆ ಅದು ನಿಮ್ಮದು. ಎಳೆಯೋ ಮುಂಚೆಯೇ ಅಷ್ಟು ಉದ್ದ ಇದ್ರೆ ಸಡಿಲ, ತಿಂಗಳಲ್ಲಿ ಜೋತು ಬೀಳುತ್ತೆ. ಟ್ರಯಲ್ ರೂಂ ಇಲ್ಲದ ನಮ್ಮೂರಿನ ಅಂಗಡಿಗಳಿಗೆ ಇದಕ್ಕಿಂತ ಒಳ್ಳೇ ದಾರಿ ನನಗಂತೂ ಕಂಡಿಲ್ಲ.

34ಬಿ, 32ಸಿ, 36ಎ ಮೂರೂ ಅಕ್ಕತಂಗಿಯರು

ಡಿ ಕಪ್ ಅಂದ ತಕ್ಷಣ "ಅಯ್ಯೋ ಅಷ್ಟು ದೊಡ್ಡದಾ" ಅನ್ನೋರೇ ಜಾಸ್ತಿ. ಅಕ್ಷರಕ್ಕೆ ತನ್ನದೇ ಅಂತ ಒಂದು ಗಾತ್ರ ಇಲ್ಲ. 32ರ ಡಿ ಬೇರೆ, 38ರ ಡಿ ಬೇರೆ. ಪಟ್ಟಿ ಒಂದು ಸೈಜ್ ಕೆಳಗೆ ಹೋದ್ರೆ ಅಕ್ಷರ ಒಂದು ಮೇಲೆ ಹೋಗಬೇಕು, ಆಗ ಕಪ್ಪಿನ ಗಾತ್ರ ಅಷ್ಟೇ ಇರುತ್ತೆ. 34ಬಿ, 32ಸಿ, 36ಎ ಮೂರರಲ್ಲೂ ಕಪ್ ಒಂದೇ, ಪಟ್ಟಿ ಮಾತ್ರ ಬೇರೆ. ಇದನ್ನ ಸಿಸ್ಟರ್ ಸೈಜ್ ಅಂತಾರೆ. 34ಬಿ ಕಪ್ ಸರಿಯಾಗಿದೆ, ಪಟ್ಟಿ ಸಡಿಲ ಅಂದ್ರೆ 32ಬಿ ಅಲ್ಲ, 32ಸಿ ಕೇಳಬೇಕು. ಅಂಗಡಿಯಲ್ಲಿ ನಿಮ್ಮ ಸೈಜ್ ಖಾಲಿಯಾಗಿದ್ರೂ ಈ ಲೆಕ್ಕ ಉಪಯೋಗಕ್ಕೆ ಬರುತ್ತೆ. ಒಂದು ಹೆಜ್ಜೆ ಮಾತ್ರ ಆಚೀಚೆ ಹೋಗಿ, ಎರಡು ಹೆಜ್ಜೆ ಬೇಡ.

ನಮ್ಮಮ್ಮ ನನಗೆ ನೆನಪಿರೋವಾಗಿನಿಂದ 38ಬಿ ಹಾಕ್ತಿದ್ರು. ಅವರ ಬಾಯಲ್ಲಿ ಅದು ಬ್ರಾ ಅಲ್ಲ, "ಬಾಡಿ". ಹೆಗಲ ಮೇಲೆ ಸ್ಟ್ರಾಪ್ ಕೂತು ಎರಡು ಗೆರೆ ಬಿದ್ದು ಕಪ್ಪಾಗಿತ್ತು. ಸಂಜೆ ಹೆಗಲು ನೋವು ಅಂತ ಜಂಡು ಬಾಮ್ ಹಚ್ಚೋದು ದಿನಾ ಇದ್ದಿದ್ದೇ. ಹೊಲದ ಕೆಲಸ, ನೀರಿನ ಕೊಡ, ವಯಸ್ಸು ಅಂತ ಎಲ್ಲದರ ಮೇಲೂ ತಪ್ಪು ಹಾಕಿದ್ವಿ. ಅಂಗಡಿ ಕೆಲಸಕ್ಕೆ ಸೇರಿದ ಮೇಲೆ ಒಂದು ಭಾನುವಾರ ಹಿಡ್ಕೊಂಡು ಕೂರಿಸಿ ಅಳೆದೆ. ಎದೆ ಕೆಳಗೆ 33, ಮೇಲೆ 39. ಪಟ್ಟಿ ಸಡಿಲ ಇದ್ದಿದ್ದಕ್ಕೆ ಎಲ್ಲ ಭಾರವನ್ನೂ ಸ್ಟ್ರಾಪ್ ಎತ್ತುತ್ತಿತ್ತು, ಅದು ಜಾರುತ್ತೆ ಅಂತ ಅವರು ಅದನ್ನ ಇನ್ನಷ್ಟು ಬಿಗಿ ಮಾಡ್ತಿದ್ರು. 36ಡಿ ತಂದುಕೊಟ್ಟೆ. "ಡಿ ನಾ? ನಿನಗೇನು ತಲೆ ಕೆಟ್ಟಿದೆಯಾ" ಅಂತ ಬೈದು ಎರಡು ದಿನ ಮುಟ್ಟಲಿಲ್ಲ. ಮೂರನೇ ದಿನ ಹಾಕ್ಕೊಂಡ್ರು. ಹೆಗಲ ಗೆರೆ ಈಗಲೂ ಪೂರ್ತಿ ಹೋಗಿಲ್ಲ. ಬಾಮ್ ಡಬ್ಬಿ ಮಾತ್ರ ಮೊದಲಿನಷ್ಟು ಬೇಗ ಖಾಲಿಯಾಗ್ತಿಲ್ಲ.

ಇಷ್ಟು ಹೇಳಿದ್ದು ಯಾಕಂದ್ರೆ ಭಾರ ಹೊರೋದು ಹೆಚ್ಚಿನ ಪಾಲು ಪಟ್ಟಿಯ ಕೆಲಸ. ಸ್ಟ್ರಾಪ್ ಬರೀ ಕಪ್ಪನ್ನ ಜಾಗದಲ್ಲಿ ನಿಲ್ಲಿಸೋಕೆ.

ಹಾಕಿದ ಮೇಲೆ ನೋಡಬೇಕಾದದ್ದು

ಹೊಸ ಬ್ರಾ ಅತಿ ಹೊರಗಿನ, ಅಂದ್ರೆ ಅತಿ ಸಡಿಲದ ಹುಕ್ಕಿಗೆ ಸರಿಯಾಗಿ ಕೂರಬೇಕು. ಒಳಗಿನ ಸಾಲುಗಳು ಆರು ತಿಂಗಳಾದ ಮೇಲೆ ಎಲಾಸ್ಟಿಕ್ ಸಡಿಲ ಆದಾಗ ಬೇಕಾಗುತ್ತೆ. ಅಂಗಡಿಯಲ್ಲೇ ಕೊನೇ ಬಿಗಿ ಹುಕ್ಕು ಹಾಕಿದ್ರೆ ಮಾತ್ರ ಸರಿಹೋಗುತ್ತೆ ಅಂದ್ರೆ ಅದನ್ನ ಬಿಟ್ಟುಬಿಡಿ.

ಹಾಕ್ಕೊಂಡು ಮುಂದಕ್ಕೆ ಬಾಗಿ, ಕಂಕುಳ ಕಡೆ ಉಳಿದಿರೋ ಭಾಗವನ್ನ ಕೈಯಿಂದ ಕಪ್ಪಿನೊಳಗೆ ಸೇರಿಸ್ಕೊಳ್ಳಿ. ಇದನ್ನ ಮಾಡದೆ ಎಷ್ಟೋ ಜನ "ಕಪ್ ದೊಡ್ಡದಾಯ್ತು" ಅಂತ ಚಿಕ್ಕದು ತಗೊಂಡು ಹೋಗ್ತಾರೆ. ಆಮೇಲೆ ಕನ್ನಡಿ ಎದುರು ಪಕ್ಕಕ್ಕೆ ತಿರುಗಿ ನಿಲ್ಲಿ. ಮುಂದೆ ಎಷ್ಟು ಎತ್ತರದಲ್ಲಿದೆಯೋ ಬೆನ್ನಲ್ಲೂ ಪಟ್ಟಿ ಅಷ್ಟೇ ಎತ್ತರದಲ್ಲಿ ಇರಬೇಕು. ಬೆನ್ನಲ್ಲಿ ಮೇಲಕ್ಕೆ ಏರಿದ್ರೆ ಪಟ್ಟಿ ಸಡಿಲ ಅಂತಲೇ ಅರ್ಥ. ಎರಡು ಬೆರಳು ಪಟ್ಟಿಯ ಕೆಳಗೆ ಹೋಗಬೇಕು, ಮುಷ್ಟಿ ಹೋಗಬಾರದು. ಎರಡೂ ಕೈ ಮೇಲೆತ್ತಿ, ಅಟ್ಟದ ಮೇಲಿಂದ ಡಬ್ಬ ಇಳಿಸೋ ಹಾಗೆ. ಬ್ರಾ ಎದೆ ಬಿಟ್ಟು ಮೇಲೆ ಬಂದ್ರೆ ಅದು ನಿಮ್ಮದಲ್ಲ.

ಕಪ್ಪಿನ ಅಂಚಿಂದ ಮೇಲೋ ಪಕ್ಕಕ್ಕೋ ಉಬ್ಬಿಕೊಂಡು ಬಂದು ಎದೆ ನಾಲ್ಕು ಭಾಗ ಆದ ಹಾಗೆ ಕಂಡ್ರೆ ಕಪ್ ಚಿಕ್ಕದು. ಬಟ್ಟೆ ಸುಕ್ಕುಗಟ್ಟಿ ಖಾಲಿ ಉಳಿದ್ರೆ ಕಪ್ ದೊಡ್ಡದು. ವೈರ್ ಇರೋದಾದ್ರೆ ತಂತಿ ಸ್ತನದ ಬುಡದ ಸುತ್ತ ಪಕ್ಕೆಲುಬಿನ ಮೇಲೆ ಕೂರಬೇಕು. ಸ್ತನದ ಮೇಲೇ ಹತ್ತಿ ಚುಚ್ಚಿದ್ರೆ ಕಪ್ ಸಾಲದು, ಅಥವಾ ಆ ಆಕಾರ ನಿಮಗೆ ಹೊಂದಲ್ಲ. ಎರಡು ಕಪ್ಪಿನ ಮಧ್ಯದ ತುಂಡು ಎದೆಗೂಡಿಗೆ ಅಂಟಿಕೊಂಡಿರಬೇಕು. ವೈರ್ ಇಲ್ಲದ ಕಾಟನ್ ಬ್ರಾದಲ್ಲಿ ಅದು ಸ್ವಲ್ಪ ಮೇಲೆ ನಿಂತ್ರೆ ತೊಂದರೆ ಇಲ್ಲ.

ಸ್ಟ್ರಾಪ್ ಪದೇ ಪದೇ ಜಾರೋದಕ್ಕೆ ಬಿಗಿ ಮಾಡೋದೊಂದೇ ಪರಿಹಾರ ಅಲ್ಲ. ಪಟ್ಟಿ ಸಡಿಲ ಇರಬಹುದು, ಕಪ್ ದೊಡ್ಡದಿರಬಹುದು, ಇಲ್ಲಾ ನಿಮ್ಮ ಹೆಗಲು ಇಳಿಜಾರಿರಬಹುದು. ಹೆಗಲು ಇಳಿಜಾರು ಇರೋರು ಬೆನ್ನಲ್ಲಿ ಸ್ಟ್ರಾಪ್ ಹತ್ತಿರ ಹತ್ತಿರ ಇರೋ ಮಾದರಿ ನೋಡಿ.

ಯಾರಿಗೆ ಯಾವ ಥರದ್ದು

ಹೊಲ, ತೋಟದ ಕೆಲಸ ಮಾಡೋರು, ಇಡೀ ದಿನ ಬಗ್ಗಿ ಏಳೋರು ಪೂರ್ತಿ ಮುಚ್ಚೋ ಕಪ್ಪಿನ, ಅಗಲ ಸ್ಟ್ರಾಪಿನ ಕಾಟನ್ ತಗೊಳ್ಳೋದು ವಾಸಿ. ಬೆವರು ಹೀರುತ್ತೆ, ಬಗ್ಗಿದಾಗ ಜಾರಲ್ಲ. ಗಾರ್ಮೆಂಟ್ಸ್‌ನಲ್ಲಿ ಶಿಫ್ಟ್ ಪೂರ್ತಿ ಮಿಷನ್ ಮುಂದೆ ಕೂರೋರಿಗೆ ವೈರ್ ಇರೋದು ಸಂಜೆ ಹೊತ್ತಿಗೆ ಒತ್ತುತ್ತೆ, ವೈರ್ ಇಲ್ಲದ್ದೇ ಸಾಕು. ಚೂಡಿದಾರ, ಟಾಪ್ ಒಳಗೆ ಹೊಲಿಗೆ ಕಾಣಬಾರದು ಅಂದ್ರೆ ಟಿ-ಶರ್ಟ್ ಬ್ರಾ. ತಿಳಿ ಬಣ್ಣದ ಬಟ್ಟೆಯ ಒಳಗೆ ಬಿಳಿಗಿಂತ ಮೈಬಣ್ಣದ್ದು ಕಮ್ಮಿ ಕಾಣುತ್ತೆ. ಸೀರೆಯವರು ಒಂದು ನೆನಪಿಡಿ: ಬ್ಲೌಸ್ ಅಳತೆ ಕೊಡೋಕೆ ಹೋಗುವಾಗ ಆ ಬ್ಲೌಸಿನೊಳಗೆ ಹಾಕೋ ಬ್ರಾವನ್ನೇ ಹಾಕ್ಕೊಂಡು ಹೋಗಿ. ಹಳೇ ಜೋತುಬಿದ್ದ ಬ್ರಾದಲ್ಲಿ ಅಳತೆ ಕೊಟ್ಟು, ಮದುವೆ ದಿನ ಹೊಸದು ಹಾಕಿ, ಡಾಟ್ ಸರಿಯಾದ ಜಾಗಕ್ಕೆ ಬಂದಿಲ್ಲ ಅಂತ ಟೇಲರ್ ಮೇಲೆ ಜಗಳ ಮಾಡೋದನ್ನ ನಾನೇ ನೋಡಿದ್ದೀನಿ.

ಓಡೋ, ಆಡೋ ಹುಡುಗಿಯರಿಗೆ ಸ್ಪೋರ್ಟ್ಸ್ ಬ್ರಾ ಬೇಕೇ ಬೇಕು. ಎದೆ ಕುಲುಕಿ ನೋಯುತ್ತೆ, ಯಾರಾದ್ರೂ ನೋಡ್ತಾರೆ ಅಂತ ಹೈಸ್ಕೂಲಲ್ಲಿ ಖೋಖೋ ಬಿಟ್ಟ ಹುಡುಗಿಯರು ಪ್ರತಿ ಊರಲ್ಲೂ ಸಿಗ್ತಾರೆ. ನಾನೂ ಅವರಲ್ಲಿ ಒಬ್ಬಳು. ಪಿ.ಟಿ. ಮೇಷ್ಟ್ರ ಹತ್ರ ಕಾಲು ನೋವು ಅಂತ ಹೇಳಿದ್ದೆ. ಒಂದು ಬಟ್ಟೆಯಿಂದ ಸರಿಹೋಗೋ ವಿಷಯ ಅಂತ ಯಾರೂ ಹೇಳಿಕೊಡಲಿಲ್ಲ. ಸ್ಪೋರ್ಟ್ಸ್ ಬ್ರಾ ತಗೊಳ್ಳುವಾಗ ಅಂಗಡಿಯಲ್ಲೇ ನಾಲ್ಕು ಸಲ ಜಿಗಿದು ನೋಡಬೇಕು. "ಫ್ರೀ ಸೈಜ್" ಅಂತ ಕೊಡೋದು ಯಾರಿಗೂ ಸರಿಯಾಗಿ ಆಗಲ್ಲ. ಆಟ ಮುಗಿದ ಮೇಲೆ ಒದ್ದೆಯದ್ದನ್ನ ಬದಲಾಯಿಸಿ.

ಹೆಣ್ಣುಮಕ್ಕಳಿಗೆ ಮೊದಲ ಬ್ರಾ ಯಾವ ವಯಸ್ಸಿಗೆ ಅಂತ ಅಮ್ಮಂದಿರು ಕೇಳ್ತಾರೆ. ವಯಸ್ಸಿನ ಲೆಕ್ಕ ಇಲ್ಲ. ಎದೆ ಮೂಡೋಕೆ ಶುರುವಾಗಿ, ಬಟ್ಟೆ ತಾಗಿದ್ರೆ ಉರಿ, ಓಡಿದ್ರೆ ನೋವು ಅಂದಾಗ ಬಿಗಿನರ್ಸ್ ಬ್ರಾ ಅಂತ ಸಿಗೋ ಹುಕ್ಕು ಇಲ್ಲದ ಮೆತ್ತನೆ ಕಾಟನ್ ಕೊಡಿಸಿ. ಆ ವಯಸ್ಸಲ್ಲಿ ಅಳತೆ ಬೇಗ ಬದಲಾಗುತ್ತೆ, ಒಟ್ಟಿಗೆ ಆರು ತರಬೇಡಿ. ಮಗಳನ್ನ ಕರ್ಕೊಂಡು ಹೋಗಿ, ಅವಳ ಎದುರಿಗೆ ಪಿಸುಗುಡಬೇಡಿ.

ಬಸುರಿಯರಿಗೆ ಪಕ್ಕೆಲುಬೂ ಅಗಲ ಆಗುತ್ತೆ, ಎದೆಯೂ ಬೆಳೆಯುತ್ತೆ. ಫ್ಯಾನ್ಸಿ ಸ್ಟೋರಲ್ಲಿ ಹುಕ್ ಎಕ್ಸ್‌ಟೆಂಡರ್ ಅಂತ ಚಿಕ್ಕ ತುಂಡು ಸಿಗುತ್ತೆ, ಕೆಲವು ತಿಂಗಳು ಅದರಲ್ಲೇ ಕಳೀಬಹುದು. ಫೀಡಿಂಗ್ ಬ್ರಾ ಕೊನೇ ತಿಂಗಳುಗಳಲ್ಲಿ ಅಳತೆ ತಗೊಂಡು ಒಂದೆರಡು ಮಾತ್ರ ತಗೊಳ್ಳಿ, ಹಾಲು ಬಂದ ಮೇಲೆ ಕಪ್ ಇನ್ನೂ ದೊಡ್ಡದು ಬೇಕಾಗಬಹುದು. ಹಾಲುಣಿಸೋವಾಗ ಬಿಗಿ ಬ್ರಾ ಒತ್ತಿ ಒಂದು ಕಡೆ ಹಾಲು ಕಟ್ಟಿ ಗಂಟಾಗೋದು, ಜ್ವರ ಬರೋದು ಉಂಟು. ಹಾಗಾದಾಗ ಆಸ್ಪತ್ರೆಗೆ ತೋರಿಸಿ.

ನಂಬಬಾರದ್ದು, ನೋಡಿಕೊಳ್ಳಬೇಕಾದದ್ದು

ಬ್ರಾ ಹಾಕಿದ್ರೆ, ಅದರಲ್ಲೂ ಕಪ್ಪು ಬ್ರಾ ಹಾಕಿ ಬಿಸಿಲಿಗೆ ಹೋದ್ರೆ ಕ್ಯಾನ್ಸರ್ ಬರುತ್ತೆ ಅನ್ನೋ ಮೆಸೇಜು ವಾಟ್ಸಪ್ಪಲ್ಲಿ ಆಗಾಗ ಸುತ್ತುತ್ತಿರುತ್ತೆ. ಸುಳ್ಳು. ಅಮೆರಿಕದ ಸಿಯಾಟಲ್‌ನಲ್ಲಿ ಮುಟ್ಟು ನಿಂತ ಮಹಿಳೆಯರ ಮೇಲೆ ನಡೆಸಿ 2014ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ ಬ್ರಾ ಹಾಕೋದಕ್ಕೂ ಸ್ತನ ಕ್ಯಾನ್ಸರಿಗೂ ಸಂಬಂಧ ಕಂಡುಬಂದಿಲ್ಲ. ರಾತ್ರಿ ಹಾಕಿ ಮಲಗೋದು, ತೆಗೆದು ಮಲಗೋದು ನಿಮ್ಮ ಅನುಕೂಲ.

ಚರ್ಮದ ತೊಂದರೆ ಮಾತ್ರ ನಿಜ. ಎದೆಯ ಕೆಳಗಿನ ಮಡಿಕೆಯಲ್ಲಿ ಬೆವರು ನಿಂತು ಕೆಂಪಗೆ ತುರಿಕೆ ಏಳೋದು ಬೇಸಿಗೆಯಲ್ಲಿ ಬಹಳ ಮನೆಗಳಲ್ಲಿ ಇದೆ, ಸಕ್ಕರೆ ಕಾಯಿಲೆ ಇರೋರಿಗಂತೂ ಇನ್ನೂ ಬೇಗ. ಬ್ರಾ ದಿನಾ ಬದಲಾಯಿಸಿ, ಸ್ನಾನ ಆದ ಮೇಲೆ ಆ ಜಾಗ ಒಣಗಿಸಿ ಹಾಕ್ಕೊಳ್ಳಿ. ಮೆಡಿಕಲ್ ಶಾಪಲ್ಲಿ ಕೇಳಿ ಸ್ಟಿರಾಯ್ಡ್ ಇರೋ ಕ್ರೀಮ್ ಹಚ್ಚೋರಿದ್ದಾರೆ. ಎರಡು ದಿನ ಕಡಿಮೆ ಆದ ಹಾಗೆ ಕಂಡು ಫಂಗಸ್ ಆಮೇಲೆ ಹರಡುತ್ತೆ. ಡಾಕ್ಟರಿಗೆ ತೋರಿಸಿ. ಚಿಲ್ಲರೆ ಪರ್ಸು, ಮೊಬೈಲು ಎದೆಯಲ್ಲಿ ಇಟ್ಕೊಳ್ಳೋ ಅಭ್ಯಾಸವೂ ಬೆವರು ಹಿಡಿಯೋಕೆ, ಚರ್ಮ ಉಜ್ಜೋಕೆ ಒಂದು ಕಾರಣ.

ಅಳತೆ ತಗೊಳ್ಳುವಾಗ ಎದೆಯಲ್ಲೋ ಕಂಕುಳಲ್ಲೋ ಗಂಟು ಸಿಕ್ಕರೆ, ಚರ್ಮ ಗುಳಿ ಬಿದ್ದಿದ್ರೆ, ತೊಟ್ಟು ಒಳಗೆ ಎಳೆದುಕೊಂಡಿದ್ರೆ, ರಕ್ತ ಅಥವಾ ನೀರು ಬಂದ್ರೆ, ಒಂದು ಕಡೆ ಇದ್ದಕ್ಕಿದ್ದಂತೆ ಆಕಾರ ಬದಲಾದ್ರೆ ಬ್ರಾ ಸೈಜ್ ವಿಷಯ ಪಕ್ಕಕ್ಕಿಟ್ಟು ಅದೇ ವಾರ ತಾಲೂಕು ಆಸ್ಪತ್ರೆಗೆ ಹೋಗಿ. ನೋವಿಲ್ಲ ಅಂತ ಸುಮ್ಮನಿರಬೇಡಿ. 30 ವರ್ಷ ದಾಟಿದ ಹೆಂಗಸರಿಗೆ ಸರ್ಕಾರದ ಕಾರ್ಯಕ್ರಮದಲ್ಲೇ ಸ್ತನ ತಪಾಸಣೆ ಇದೆ. ನಿಮ್ಮ ಊರಿನ ಆಶಾ ಕಾರ್ಯಕರ್ತೆಯನ್ನ ಕೇಳಿ, ಎಲ್ಲಿ ಯಾವತ್ತು ಅಂತ ಹೇಳ್ತಾರೆ. ಸ್ತನ ತೆಗೆಸಿಕೊಂಡವರಿಗೆ ಒಳಗೆ ಜೇಬು ಇರೋ, ಕೃತಕ ಸ್ತನ ಇಟ್ಕೊಳ್ಳೋ ಬ್ರಾ ಬರುತ್ತೆ. ಚಿಕಿತ್ಸೆ ಕೊಟ್ಟ ಆಸ್ಪತ್ರೆಯಲ್ಲೇ ವಿಚಾರಿಸಬಹುದು.

ಅಂಗಡಿಯವರಿಗೆ ಒಂದೆರಡು ಮಾತು

ಬೈಯೋಕೆ ಅಲ್ಲ, ವ್ಯಾಪಾರದ ಮಾತೇ. ಚಿಕ್ಕಪೇಟೆಯಿಂದ ಹೋಲ್‌ಸೇಲಲ್ಲಿ ತರುವಾಗ 32ರಿಂದ 38ರವರೆಗೆ ಬರೀ ಬಿ ಕಪ್ ತಂದು ತುಂಬಿಸ್ತೀರಿ. ಸಿ, ಡಿ ಕೇಳೋರೇ ಇಲ್ಲ ಅಂತೀರಿ. ಕೇಳೋಕೆ ಅವರಿಗೆ ಗೊತ್ತಿಲ್ಲ, ಅದಕ್ಕೆ ಕೇಳಲ್ಲ. ಒಂದೊಂದು ನಂಬರಿಗೆ ಎರಡೆರಡು ಸಿ, ಡಿ ತಂದಿಟ್ಟು, ಕೌಂಟರಲ್ಲಿ ಒಂದು ಟೇಪು ನೇತುಹಾಕಿ, ಸೈಜ್ ಚಾರ್ಟನ್ನ ಕನ್ನಡದಲ್ಲಿ ಬರೆದು ಅಂಟಿಸಿ ನೋಡಿ. ಆನ್‌ಲೈನಿಗೆ ಹೋಗೋ ಗಿರಾಕಿ ಅರ್ಧ ವಾಪಸ್ ಬರ್ತಾರೆ.

ಲೇಡೀಸ್ ಕೌಂಟರಲ್ಲಿ ಹೆಂಗಸರೇ ಇದ್ರೆ ಒಳ್ಳೇದು. ಇಲ್ಲದಿದ್ರೆ "ಅಕ್ಕಾ, ಎರಡು ಅಳತೆ ಹೇಳಿ, ನಾನು ಸೈಜ್ ನೋಡ್ತೀನಿ" ಅಂದ್ರೆ ಸಾಕು. ಮೈ ಮೇಲೆ ಕಣ್ಣಾಡಿಸಿ "ನಿಮಗೆ 36 ಆಗುತ್ತೆ" ಅನ್ನೋದು ಬೇಡ. ಆ ನೋಟಕ್ಕೇ ಎಷ್ಟೋ ಹೆಣ್ಣುಮಕ್ಕಳು ಇನ್ನೊಂದು ಸಲ ಬರಲ್ಲ. ಹೆಂಡತಿಗೆ ಅಂತ ತಗೊಳ್ಳೋಕೆ ಬರೋ ಗಂಡಸರದ್ದು ಇನ್ನೊಂದು ಕಥೆ. "ಹೆಚ್ಚೂಕಮ್ಮಿ ನಿಮ್ಮಷ್ಟೇ ಇದ್ದಾಳೆ ನೋಡಿ" ಅಂತ ಕೌಂಟರಲ್ಲಿ ನಿಂತ ನನಗೇ ಹೇಳಿದೋರಿದ್ದಾರೆ. ಅಣ್ಣಂದಿರೇ, ಹಳೇ ಬ್ರಾದ ಲೇಬಲ್ ಫೋಟೋ ತೆಕ್ಕೊಂಡು ಬನ್ನಿ.

ಟ್ರಯಲ್‌ಗೆ ಜಾಗ ಇಲ್ಲ ಅನ್ನೋರು ಸೈಜಿಗೊಂದರಂತೆ ಸ್ಯಾಂಪಲ್ ಇಟ್ಟು, ತೆಳು ಟಾಪ್ ಮೇಲೆ ಹಾಕಿ ನೋಡೋಕೆ ಪರದೆ ಕಟ್ಟಿದ ಮೂಲೆ ಕೊಟ್ರೂ ನಡೆಯುತ್ತೆ. ಸಿಸಿಟಿವಿ ಆ ಕಡೆ ತಿರುಗಿರಬಾರದು. ಬದಲಾಯಿಸೋ ವಿಷಯದಲ್ಲಿ ಒಳಉಡುಪಿಗೆ "ನೋ ಎಕ್ಸ್‌ಚೇಂಜ್" ಅನ್ನೋದು ಸ್ವಚ್ಛತೆಗೆ ಅಂತ ಒಪ್ಪೋಣ. ಆದ್ರೆ ಹುಕ್ಕು ಕಿತ್ತಿದ್ದು, ಹೊಲಿಗೆ ಬಿಟ್ಟಿದ್ದು, ವೈರ್ ಹೊರಗೆ ಬಂದಿದ್ದು ಇಂಥ ದೋಷ ಇರೋ ಮಾಲನ್ನ ವಾಪಸ್ ತಗೊಳ್ಳಲ್ಲ ಅನ್ನೋ ಹಾಗಿಲ್ಲ. 2019ರ ಗ್ರಾಹಕ ಸಂರಕ್ಷಣಾ ಕಾಯ್ದೆ ಪ್ರಕಾರ ಬಿಲ್ಲಿನಲ್ಲಿ ಹೇಳಿದ ಅವಧಿಯೊಳಗೆ, ಅವಧಿ ಬರೆದಿಲ್ಲ ಅಂದ್ರೆ 30 ದಿನದೊಳಗೆ ತಂದ ದೋಷದ ಮಾಲನ್ನ ತಗೊಂಡು ದುಡ್ಡು ಕೊಡೋಕೆ ನಿರಾಕರಿಸಿದ್ರೆ ಅದು ಅನುಚಿತ ವ್ಯಾಪಾರ. ಗ್ರಾಹಕರು ಬಿಲ್ ಇಟ್ಕೊಂಡಿರಬೇಕು. ದೂರಿಗೆ ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915.

ಒಗೆಯೋದು, ಒಣಗಿಸೋದು

ಕಲ್ಲಿಗೆ ಬಡಿದು, ಬ್ರಷ್ ಉಜ್ಜಿ, ತಿರುಚಿ ಹಿಂಡಿದ್ರೆ ಎಂಥಾ ಬ್ರಾನೂ ಮೂರು ತಿಂಗಳು ಬರಲ್ಲ. ಎಲಾಸ್ಟಿಕ್ಕಿಗೆ ಬಿಸಿನೀರು, ಬ್ಲೀಚಿಂಗ್ ಎರಡೂ ಆಗಲ್ಲ. ತಣ್ಣೀರಲ್ಲಿ ಸ್ವಲ್ಪ ಸೋಪಿನ ಪುಡಿ ಹಾಕಿ ನೆನೆಸಿ, ಕೈಯಲ್ಲೇ ಹಿಸುಕಿ, ಟವೆಲಲ್ಲಿ ಒತ್ತಿ ನೀರು ತೆಗೆದು, ಸ್ಟ್ರಾಪಿಗೆ ಕ್ಲಿಪ್ ಹಾಕದೆ ಪಟ್ಟಿಯ ಕಡೆಯಿಂದ ನೇತುಹಾಕಿ. ಮಿಷನ್ನಿಗೆ ಹಾಕೋದಾದ್ರೆ ಹುಕ್ಕು ಹಾಕಿ, ಜಾಲರಿ ಚೀಲದಲ್ಲಿ ಹಾಕಿ.

ಇನ್ನು ಟವೆಲ್ ಕೆಳಗೋ ಸೀರೆ ಕೆಳಗೋ ಮುಚ್ಚಿ ಒಣಗಿಸೋದು. ಗಾಳಿ ಆಡದೆ ಅರ್ಧ ಒದ್ದೆ ಇರುತ್ತೆ, ಮಳೆಗಾಲದಲ್ಲಂತೂ ಮುಗ್ಗಲು ವಾಸನೆ. ಅದನ್ನೇ ಹಾಕ್ಕೊಂಡ್ರೆ ಮೇಲೆ ಹೇಳಿದ ತುರಿಕೆ ಗ್ಯಾರಂಟಿ. ಗಂಡಸರ ಬನಿಯನ್ನು ತಂತಿ ಮೇಲೆ ಬಿಸಿಲಲ್ಲಿ ಒಣಗುತ್ತೆ, ಇದೂ ಅಲ್ಲೇ ಒಣಗಲಿ. ತೀರಾ ಮುಜುಗರ ಅಂದ್ರೆ ತಾರಸಿಯ ಮೂಲೆಯಲ್ಲಿ ಗಾಳಿ ಆಡೋ ಕಡೆ ಬೇರೆ ದಾರ ಕಟ್ಟಿ, ಮೇಲೆ ಮಾತ್ರ ಏನೂ ಮುಚ್ಚಬೇಡಿ.

ಕನಿಷ್ಠ ಮೂರು ಇಟ್ಟುಕೊಂಡು ಒಂದು ದಿನ ಹಾಕಿದ್ದನ್ನ ಮರುದಿನ ಹಾಕದೆ ಬಿಟ್ರೆ ಎಲಾಸ್ಟಿಕ್ ಚೇತರಿಸಿಕೊಳ್ಳುತ್ತೆ. ತೂಕ ಏರಿಳಿದಾಗ, ಹೆರಿಗೆ ಆದ ಮೇಲೆ, ಏನೂ ಇಲ್ಲದಿದ್ರೂ ವರ್ಷಕ್ಕೊಮ್ಮೆ ಮತ್ತೆ ಅಳೀರಿ. ಮುಟ್ಟಿಗೆ ಮುಂಚಿನ ದಿನಗಳಲ್ಲಿ ಎದೆ ಊದಿಕೊಂಡಿರುತ್ತೆ, ಆಗ ಅಳತೆ ಬೇಡ. ಕೊನೇ ಬಿಗಿ ಹುಕ್ಕಿನಲ್ಲೂ ಪಟ್ಟಿ ಬೆನ್ನ ಮೇಲೆ ಏರೋಕೆ ಶುರುವಾದ ದಿನ ಅದನ್ನ ಬದಲಾಯಿಸಿ, ಮತ್ತೆ ಚೀಟಿ ಬರ್ಕೊಂಡು ಅಂಗಡಿಗೆ ಹೋಗಿ.